ಪುಟ್ಟ ಕೃಷ್ಣ ಉಳಿದ ಬಗೆ

ಓದುಗರೇ, ನಮ್ಮ ಕೊಂಢವಾದಿಂದ ಲಾ ಕಾಲೇಜು ರಸ್ತೆಗೆ ಹೋದಾಗ ಅಲ್ಲಿನ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವನ್ನು ಗಮನಿಸಿದ್ದೀರಾ?

ದಾದಾಸಾಹೇಬ್ ಫಾಲ್ಕೆಯವರ 'ಕಾಳಿಯ ಮರ್ದನ'ದಲ್ಲಿ (1919) ಕೃಷ್ಣನಾದವಳು ಅವರ ಮಗಳು ಮಂದಾಕಿನಿ. ನಮ್ಮ ಮೂಕಿಚಿತ್ರಗಳಲ್ಲಿ ಹೆಚ್ಚಿನವು ಅಳಿದುಹೋದರೂ ಆ ಪುಟ್ಟ ಕೃಷ್ಣ ಉಳಿದ. ಅದಕ್ಕೆ ಕಾರಣ, 1964ರಲ್ಲಿ ಆರಂಭವಾದ ಈ ಸಂಗ್ರಹಾಲಯವನ್ನು ಕಟ್ಟಿ ಬೆಳೆಸಿದ ಪಿ.ಕೆ. ನಾಯರ್. ಅವರನ್ನು ಕುರಿತ 2012ರ 'ಸೆಲ್ಯುಲಾಯ್ಡ್ ಮ್ಯಾನ್' ಸಾಕ್ಷ್ಯಚಿತ್ರದಲ್ಲಿ ಮಂದಾಕಿನಿ ಮತ್ತೆ ತೆರೆಗೆ ಬಂದಳು. ನಾಯರ್ ಕಳಿಸಿದ ಚಿತ್ರಗಳನ್ನು ನೋಡಿದ ನಮ್ಮ ಹೆಗ್ಗೋಡಿನ ಜನರೂ ಅದರಲ್ಲಿದ್ದಾರೆ!

ನನ್ನ ಅಮ್ಮ ಹಸೆಹಾಡು ಹೇಳಿದ್ದ ವಿಡಿಯೋ ಕ್ಯಾಸೆಟ್ಟು ನನ್ನ ಉದಾಸೀನದಿಂದ ಬೂಷ್ಟು ಹಿಡಿಯಿತು. ಅವರ ಮುಖ, ದನಿ ಎರಡೂ ಹೋದವು. ನಿಮ್ಮ ಅಟ್ಟದ ಮೇಲೂ ಮದುವೆಯ, ರಾಜ್ಯೋತ್ಸವದ ಕ್ಯಾಸೆಟ್ಟುಗಳಿರಬಹುದು. ಈ ವಾರವೇ ಕೆಳಗಿಳಿಸಿ, ಪ್ರತಿ ಮಾಡಿಸಿಡಿ.