ಬೆಳಕಿನ ಕಣದ ಮುಖಬೆಲೆ

ನೇರಳೆ ಬೆಳಕು ಕೆಂಪಿಗಿಂತ ಶಕ್ತಿಯುತವೆಂದು ಭೌತಶಾಸ್ತ್ರಜ್ಞರು ಹೇಳುವಾಗ ಆ ಮಾತು ದೀಪದ ಪ್ರಖರತೆಯನ್ನು ಕುರಿತದ್ದಲ್ಲ. ಬೆಳಕು ತನ್ನ ಶಕ್ತಿಯನ್ನು ಅಖಂಡಧಾರೆಯಾಗಿ ಸುರಿಸದೆ ಬಿಡಿಬಿಡಿಯಾದ ಕಣಗಳಲ್ಲಿ ಒಪ್ಪಿಸುತ್ತದೆ. ಈ ವಿಚಾರಕ್ಕೆ 1900ರಲ್ಲಿ ಮ್ಯಾಕ್ಸ್ ಪ್ಲಾಂಕರು ತಳಹದಿಯನ್ನು ಹಾಕಿದರು. 1905ರಲ್ಲಿ ಐನ್‌ಸ್ಟೈನರು ಅದನ್ನು ಬೆಳಕಿಗೇ ಅನ್ವಯಿಸಿದರು. ಆ ಕಣವನ್ನೇ ಇಂದು ಫೋಟಾನ್ ಎನ್ನುತ್ತೇವೆ.

ಒಂದು ಫೋಟಾನಿನ ಶಕ್ತಿಯನ್ನು ಅರಿಯಲು ಪ್ಲಾಂಕ್ ಸ್ಥಿರಾಂಕವನ್ನು ಬೆಳಕಿನ ವೇಗದಿಂದ ಗುಣಿಸಿ, ಗುಣಲಬ್ಧವನ್ನು ತರಂಗಾಂತರದಿಂದ ಭಾಗಿಸಬೇಕು. ತರಂಗಾಂತರವನ್ನು ನ್ಯಾನೋಮೀಟರುಗಳಲ್ಲಿಯೂ (ಮೀಟರಿನ ನೂರು ಕೋಟಿಯಲ್ಲೊಂದು ಪಾಲು) ಶಕ್ತಿಯನ್ನು ಎಲೆಕ್ಟ್ರಾನ್ ವೋಲ್ಟುಗಳಲ್ಲಿಯೂ ಎಣಿಸಿದರೆ ಆ ಗುಣಲಬ್ಧವು ಸುಮಾರು 1240 ಆಗುತ್ತದೆ. ಇದನ್ನು ಕೆಂಪು ಬೆಳಕಿನ 700ರಿಂದ ಭಾಗಿಸಿದರೆ 1.77, ನೇರಳೆಯ 400ರಿಂದ ಭಾಗಿಸಿದರೆ 3.10. ಅಲೆಯು ಗಿಡ್ಡವಾದಷ್ಟೂ ಕಣದ ಶಕ್ತಿ ಹಿರಿದು.

ಈ ವ್ಯತ್ಯಾಸದ ಫಲವನ್ನು ನೋಡಿ. ಪೊಟಾಸಿಯಂ ಲೋಹದಿಂದ ಒಂದು ಎಲೆಕ್ಟ್ರಾನನ್ನು ಬಿಡಿಸಲು ಸುಮಾರು 2.3 ಎಲೆಕ್ಟ್ರಾನ್ ವೋಲ್ಟು ಬೇಕು. ಸಾಮಾನ್ಯ ಕೆಂಪು ದೀಪವನ್ನು ಎಷ್ಟೇ ಪ್ರಖರವಾಗಿ ಉರಿಸಿದರೂ ಎಲೆಕ್ಟ್ರಾನು ಕದಲದು. ಮಂದವಾದ ನೇರಳೆ ಕಿರಣವು ಅದನ್ನು ಒಡನೆಯೇ ಹೊರಡಿಸುತ್ತದೆ. ಚಿಲ್ಲರೆಯನ್ನು ಒಟ್ಟುಗೂಡಿಸಿ ಸಾಲ ತೀರಿಸುವ ಪದ್ಧತಿ ಇಲ್ಲಿಲ್ಲ. ಒಂದೇ ನಾಣ್ಯವು ಪೂರ್ಣ ಮೊತ್ತಕ್ಕೆ ಸಾಲಬೇಕು. ಪ್ರಖರತೆಯು ನಾಣ್ಯಗಳ ಸಂಖ್ಯೆಯನ್ನು ಹೆಚ್ಚಿಸೀತೇ ಹೊರತು ಮುಖಬೆಲೆಯನ್ನಲ್ಲ.

ಬೆಳಕಿನ ಕಣವನ್ನು ನಂಬದಿದ್ದ ಅಮೆರಿಕದ ರಾಬರ್ಟ್ ಮಿಲಿಕನ್ನರ ಪ್ರಯೋಗಗಳೇ 1916ರಲ್ಲಿ ಐನ್‌ಸ್ಟೈನರ ಸಮೀಕರಣವನ್ನು ಸ್ಥಿರಪಡಿಸಿದವು. ಅಪನಂಬಿಕೆಯೂ ಲೆಕ್ಕವನ್ನು ಪ್ರಾಮಾಣಿಕವಾಗಿ ಇಟ್ಟರೆ ಸತ್ಯಕ್ಕೆ ಸಾಕ್ಷಿಯಾಗಬಲ್ಲದು.