32 ಲಕ್ಷದ ಮನೆಗೆ ನಾವು ನಿಜವಾಗಿ ಎಷ್ಟು ಕೊಡ್ತೀವಿ?

ಚಾಕಣ ಅಂದರೆ ಒಂದು ಕಾಲಕ್ಕೆ ಸಂಗ್ರಾಮದುರ್ಗ ಕೋಟೆ ಮತ್ತು ಈರುಳ್ಳಿ ಮಾರುಕಟ್ಟೆ. ಈಗ ಎಂಐಡಿಸಿ. ಬಜಾಜ್, ಮಹೀಂದ್ರಾ, ಫೋಕ್ಸ್‌ವ್ಯಾಗನ್, ಮರ್ಸಿಡಿಸ್-ಬೆಂಜ್ ಕಾರ್ಖಾನೆಗಳು ಮತ್ತು ಅವುಗಳಿಗೆ ಬಿಡಿಭಾಗ ಮಾಡಿಕೊಡುವ ನೂರಾರು ಘಟಕಗಳು ಅಲ್ಲಿವೆ. ಕಲಬುರಗಿ, ಬೀದರ್, ವಿಜಯಪುರ ಕಡೆಯ ನಮ್ಮ ಹುಡುಗರು ಸೊಲ್ಲಾಪುರದ ದಾರಿ ಹಿಡಿದು ಪುಣೆಗೆ ಹೋಗಿ, ಅಲ್ಲಿಂದ ಚಾಕಣ ಸೇರುತ್ತಾರೆ. ಮೊದಲು ನಾಲ್ಕು ಜನ ಸೇರಿ ಒಂದು ರೂಮು. ಮದುವೆಯಾದ ಮೇಲೆ ಬಾಡಿಗೆ ಮನೆ. ಮಕ್ಕಳು ಶಾಲೆಗೆ ಸೇರುವ ಹೊತ್ತಿಗೆ ಸುತ್ತಲಿನವರ ಮಾತು ಶುರುವಾಗುತ್ತದೆ: "ಭಾಯಿ, ಬಾಡಿಗೆ ಕಟ್ಟಿ ಏನು ಸಿಗ್ತದೆ? ಅದೇ ದುಡ್ಡಿಗೆ ಕಂತು ಕಟ್ಟು, ಮನೆ ನಿನ್ನದಾಗ್ತದೆ."

ಈ ಮಾತಿನಲ್ಲಿ ಅರ್ಧ ಸತ್ಯ ಇದೆ. ಉಳಿದರ್ಧ ತಿಳಿಯಬೇಕಾದರೆ ಪೆನ್ನು, ಕಾಗದ ತೆಗೆದುಕೊಂಡು ಕೂರಬೇಕು. ಎಂಟನೇ ತರಗತಿಯಲ್ಲಿ ನಾವು ಕಲಿಸುವ ಚಕ್ರಬಡ್ಡಿಗಿಂತ ಬಹಳ ಕಷ್ಟದ ಲೆಕ್ಕ ಇದಲ್ಲ. ವಿದ್ಯಾರ್ಥಿಗಳು ಇದನ್ನು ಓದಿ ಮನೆಯಲ್ಲಿ ಅಬ್ಬಾ-ಅಮ್ಮಿಗೆ ವಿವರಿಸಿದರೆ ಇನ್ನೂ ಒಳ್ಳೆಯದು.

ಕಂತಿನ ಹೊಟ್ಟೆಯಲ್ಲಿ ಏನಿದೆ?

ಸಾಲದಲ್ಲಿ ಎರಡು ಭಾಗ: ಅಸಲು ಮತ್ತು ಬಡ್ಡಿ. ಕನ್ನಡದ "ಅಸಲು" ಅರಬ್ಬಿಯ "ಅಸ್ಲ್"ನಿಂದ ಬಂದದ್ದು. ಅರ್ಥ ಬೇರು, ಮೂಲ. ಬಡ್ಡಿ ಅಂದರೆ ಹಣಕ್ಕೆ ಕೊಡುವ ಬಾಡಿಗೆ. ಎಷ್ಟು ಅಸಲು ನಮ್ಮ ಹತ್ತಿರ ಬಾಕಿ ಇದೆಯೋ ಅಷ್ಟಕ್ಕೆ ಪ್ರತಿ ತಿಂಗಳು ಬಾಡಿಗೆ.

ಒಂದು ಉದಾಹರಣೆ ಇಟ್ಟುಕೊಳ್ಳೋಣ. ಫ್ಲ್ಯಾಟಿನ ಬೆಲೆ 32 ಲಕ್ಷ. ಕೈಯಿಂದ 7 ಲಕ್ಷ, ಬ್ಯಾಂಕಿನ ಸಾಲ 25 ಲಕ್ಷ. ಬಡ್ಡಿ ವರ್ಷಕ್ಕೆ 8.5%, ಅವಧಿ 20 ವರ್ಷ. ತಿಂಗಳ ಕಂತು, ಅಂದರೆ ಇಎಂಐ, 21,696 ರೂಪಾಯಿ ಆಗುತ್ತದೆ.

ಮೊದಲ ತಿಂಗಳ ಬಡ್ಡಿ ಹೀಗೆ: 25 ಲಕ್ಷಕ್ಕೆ 8.5%, ಅದನ್ನು 12ರಿಂದ ಭಾಗಿಸಿ. 17,708 ರೂಪಾಯಿ. ಅಂದರೆ 21,696ರಲ್ಲಿ ಅಸಲಿಗೆ ಹೋದದ್ದು 3,988 ಮಾತ್ರ. ಎರಡನೇ ತಿಂಗಳು ಅಸಲು ಸ್ವಲ್ಪ ಕಡಿಮೆ, ಹಾಗಾಗಿ ಬಡ್ಡಿಯೂ ಸ್ವಲ್ಪ ಕಡಿಮೆ. ಹೀಗೇ ಆಮೆ ಹೆಜ್ಜೆಯಲ್ಲಿ ಸಾಗುತ್ತದೆ.

ಐದು ವರ್ಷ ತಪ್ಪದೆ ಕಟ್ಟಿದಿರಿ ಅನ್ನಿ. ನೀವು ಕೊಟ್ಟದ್ದು 13 ಲಕ್ಷ 2 ಸಾವಿರ. ಸಾಲ ಇಳಿದದ್ದು 2 ಲಕ್ಷ 97 ಸಾವಿರ. ಇನ್ನೂ 22 ಲಕ್ಷ 3 ಸಾವಿರ ಬಾಕಿ! ಹತ್ತು ವರ್ಷಕ್ಕೆ, ಅಂದರೆ ಅರ್ಧ ದಾರಿಯಲ್ಲಿ, ಕೊಟ್ಟದ್ದು 26 ಲಕ್ಷ, ಬಾಕಿ ಹದಿನೇಳೂವರೆ ಲಕ್ಷ. ಅರ್ಧ ಅಸಲು ತೀರುವುದು ಸುಮಾರು 13 ವರ್ಷ 10 ತಿಂಗಳಿಗೆ. ಇದರಲ್ಲಿ ಬ್ಯಾಂಕಿನವರ ಮೋಸ ಏನೂ ಇಲ್ಲ. ಸಮಾನ ಕಂತಿನ ಲೆಕ್ಕವೇ ಹೀಗೆ. ಆದರೆ ಸಹಿ ಹಾಕುವ ಮುಂಚೆ ಇದು ಗೊತ್ತಿರಬೇಕು.

20 ವರ್ಷದಲ್ಲಿ ಒಟ್ಟು ಕೊಡುವುದು 52 ಲಕ್ಷ 7 ಸಾವಿರ. ಬಡ್ಡಿಯೇ 27 ಲಕ್ಷ 7 ಸಾವಿರ.

ಕಂತು ಸಣ್ಣದಾದರೆ ಸಾಲ ದೊಡ್ಡದಾಗುತ್ತದೆ

ಏಜೆಂಟರು ಯಾವಾಗಲೂ ಕಂತಿನ ಮಾತೇ ಆಡುತ್ತಾರೆ. "ಭಾರ ಆಗ್ತದಾ? ಅವಧಿ ಜಾಸ್ತಿ ಮಾಡಿಸ್ತೀನಿ" ಅಂತಾರೆ. ಅದೇ 25 ಲಕ್ಷ, ಅದೇ 8.5%ಕ್ಕೆ ಮೂರು ಅವಧಿಗಳನ್ನು ನೋಡಿ:

- 15 ವರ್ಷ: ಕಂತು 24,618. ಒಟ್ಟು ಬಡ್ಡಿ 19 ಲಕ್ಷ 31 ಸಾವಿರ.
- 20 ವರ್ಷ: ಕಂತು 21,696. ಒಟ್ಟು ಬಡ್ಡಿ 27 ಲಕ್ಷ 7 ಸಾವಿರ.
- 30 ವರ್ಷ: ಕಂತು 19,223. ಒಟ್ಟು ಬಡ್ಡಿ 44 ಲಕ್ಷ 20 ಸಾವಿರ.

20ರಿಂದ 30 ವರ್ಷಕ್ಕೆ ಹೋದರೆ ತಿಂಗಳಿಗೆ ಎರಡೂವರೆ ಸಾವಿರ ಉಳಿಯಿತು ಅನ್ನಿಸುತ್ತದೆ. ಅದಕ್ಕೆ ತೆರುವ ಬೆಲೆ 17 ಲಕ್ಷ. 20ರಿಂದ 15ಕ್ಕೆ ಇಳಿದರೆ ತಿಂಗಳಿಗೆ ಸುಮಾರು 2,900 ಹೆಚ್ಚು, ಆದರೆ ಉಳಿಯುವುದು ಏಳೂಮುಕ್ಕಾಲು ಲಕ್ಷ. "ಕಂತು ಎಷ್ಟು?" ಅಂತ ಕೇಳುವವರು "ಒಟ್ಟು ಎಷ್ಟು?" ಅಂತಲೂ ಕೇಳಲೇಬೇಕು.

ಒಂದು ನ್ಯಾಯದ ಮಾತನ್ನೂ ಹೇಳಬೇಕು. 20 ವರ್ಷದ ನಂತರದ 21,696ಕ್ಕೆ ಇವತ್ತಿನ 21,696ರ ಬೆಲೆ ಇರುವುದಿಲ್ಲ. ಸಂಬಳ ಏರುತ್ತದೆ, ಬಾಡಿಗೆಯೂ ಏರುತ್ತದೆ, ಕಂತು ಮಾತ್ರ ಹೆಚ್ಚುಕಡಿಮೆ ಅಲ್ಲೇ ಇರುತ್ತದೆ. ಹಾಗಾಗಿ ಈ ಅಂಕಿಗಳನ್ನು ನೋಡಿ ಹೆದರಿ ಓಡಬೇಕಿಲ್ಲ. ಕಣ್ಣು ತೆರೆದು ನಡೆದರೆ ಸಾಕು.

ಬಡ್ಡಿದರ ನಿಂತಲ್ಲಿ ನಿಲ್ಲುವುದಿಲ್ಲ

ನಮ್ಮಲ್ಲಿ ಬಹುಪಾಲು ಗೃಹಸಾಲ ಬದಲಾಗುವ ಬಡ್ಡಿದರದ್ದು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಇಂಥ ಹೊಸ ಸಾಲಗಳನ್ನು ಹೊರಗಿನ ಒಂದು ಅಳತೆಗೋಲಿಗೆ ಕಟ್ಟಬೇಕೆಂದು ರಿಸರ್ವ್ ಬ್ಯಾಂಕ್ ನಿಯಮ ಮಾಡಿತು. ಸಾಮಾನ್ಯವಾಗಿ ಆ ಅಳತೆಗೋಲು ರೆಪೋ ದರ.

ರೆಪೋ 2022ರ ಮೇ ತಿಂಗಳ ಮೊದಲು 4% ಇತ್ತು. 2023ರ ಫೆಬ್ರವರಿಗೆ 6.5% ಆಯಿತು. 2021ರ ಕೊನೆಯಲ್ಲಿ 6.75%ಕ್ಕೆ 25 ಲಕ್ಷ ಪಡೆದವರ ಕಂತು 19,009 ಇತ್ತು ಅನ್ನಿ. ಒಂದು ವರ್ಷದ ಮೇಲೆ ಸುಮಾರು 24 ಲಕ್ಷ 30 ಸಾವಿರ ಬಾಕಿ ಇರುವಾಗ ದರ 9.25% ಆಯಿತು. ಆ ತಿಂಗಳ ಬಡ್ಡಿಯೇ 18,731. ಅಸಲಿಗೆ ಹೋಗುವುದು 278 ರೂಪಾಯಿ! ಕಂತು ಹಾಗೇ ಇಟ್ಟರೆ ಸಾಲ ತೀರಲು 40 ವರ್ಷ ದಾಟುತ್ತದೆ. ಎಷ್ಟೋ ಜನರಿಗೆ ಇದು ಗೊತ್ತೇ ಆಗಲಿಲ್ಲ. ಕಂತು ಬದಲಾಗಲಿಲ್ಲ, ಹಾಗಾಗಿ ಏನೂ ಆಗಿಲ್ಲ ಅಂದುಕೊಂಡರು.

ಇದಕ್ಕಾಗಿಯೇ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತು ಹೆಚ್ಚಿಸುವುದೋ, ಅವಧಿ ಹೆಚ್ಚಿಸುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕು, ಪರಿಣಾಮವನ್ನು ತಿಳಿಸಬೇಕು ಎಂದಿತು. ಈ ಆಯ್ಕೆ ನಿಮ್ಮ ಹಕ್ಕು.

2025ರಲ್ಲಿ ರೆಪೋ ಇಳಿಯಿತು. ಫೆಬ್ರವರಿಯಿಂದ ಡಿಸೆಂಬರ್ ಒಳಗೆ 6.5ರಿಂದ 5.25%ಕ್ಕೆ ಬಂತು. ಆ ಇಳಿಕೆ ನಿಮ್ಮ ಸಾಲಕ್ಕೆ ತಲುಪಿದೆಯೇ? ಹೌಸಿಂಗ್ ಫೈನಾನ್ಸ್ ಕಂಪನಿಗಳು ರೆಪೋಗೆ ಕಟ್ಟಿಕೊಳ್ಳಬೇಕೆಂಬ ಕಡ್ಡಾಯ ಇಲ್ಲ, ಅವುಗಳ ದರ ಅವುಗಳದ್ದೇ. ಕಾಂಟ್ರ್ಯಾಕ್ಟ್ ಕೆಲಸದವರಿಗೆ ಬ್ಯಾಂಕು ಸಾಲ ಕೊಡದಿದ್ದಾಗ ಹೋಗುವುದು ಇಂಥ ಕಂಪನಿಗಳಿಗೇ. ಆದ್ದರಿಂದ ವರ್ಷಕ್ಕೊಮ್ಮೆ ಹೋಗಿ ಸ್ಟೇಟ್‌ಮೆಂಟ್ ತೆಗೆಸಿ, ಈಗಿನ ದರ ಎಷ್ಟು, ಉಳಿದ ಅವಧಿ ಎಷ್ಟು ಅಂತ ನೋಡಿ.

ಸಾಲದ ಹೊರಗಿನ ಖರ್ಚು

ಮಹಾರಾಷ್ಟ್ರದಲ್ಲಿ ಮುದ್ರಾಂಕ ಶುಲ್ಕ, ಅಂದರೆ ಸ್ಟ್ಯಾಂಪ್ ಡ್ಯೂಟಿ, ಮೂಲದಲ್ಲಿ 5%. ಸ್ಥಳೀಯ ತೆರಿಗೆ, ಸೆಸ್ ಸೇರಿ ಜಾಗಕ್ಕೆ ತಕ್ಕಂತೆ 6 ಅಥವಾ 7% ಆಗುತ್ತದೆ. ಮನೆ ಮಹಿಳೆಯ ಹೆಸರಿನಲ್ಲಿ ಮಾತ್ರ ಇದ್ದರೆ 1% ರಿಯಾಯಿತಿ. ನೋಂದಣಿ ಶುಲ್ಕ 1%, ಗರಿಷ್ಠ 30,000. ಕಟ್ಟಡ ಇನ್ನೂ ಮುಗಿದಿಲ್ಲದಿದ್ದರೆ ಜಿಎಸ್‌ಟಿ ಇದೆ: 45 ಲಕ್ಷದೊಳಗಿನ, ನಿಗದಿತ ಅಳತೆಯ ಮನೆಗೆ 1%, ಉಳಿದವಕ್ಕೆ 5%. ಮುಗಿದು ಪ್ರಮಾಣಪತ್ರ ಸಿಕ್ಕ ಮನೆಗೆ ಜಿಎಸ್‌ಟಿ ಇಲ್ಲ.

ನಮ್ಮ 32 ಲಕ್ಷದ ಮನೆಗೆ 6%ನಂತೆ 1 ಲಕ್ಷ 92 ಸಾವಿರ, ನೋಂದಣಿ 30 ಸಾವಿರ, ಜಿಎಸ್‌ಟಿ 32 ಸಾವಿರ. ಸೊಸೈಟಿ ಮೇಂಟೆನೆನ್ಸ್ ತಿಂಗಳಿಗೆ 1,500 ಅಂತ ಹಿಡಿದರೂ 20 ವರ್ಷಕ್ಕೆ 3 ಲಕ್ಷ 60 ಸಾವಿರ. ಕೈಯಿಂದ ಕೊಟ್ಟ 7 ಲಕ್ಷ ಮತ್ತು 52 ಲಕ್ಷದ ಕಂತುಗಳನ್ನು ಕೂಡಿಸಿ: ಒಟ್ಟು 65 ಲಕ್ಷ ದಾಟಿತು. ಆಸ್ತಿ ತೆರಿಗೆ, ಪ್ರೊಸೆಸಿಂಗ್ ಫೀ, ಬಣ್ಣ, ರಿಪೇರಿ ಇದರಲ್ಲಿ ಸೇರಿಲ್ಲ.

ಕಟ್ಟಡ ಮುಗಿಯುವವರೆಗೆ "ಪ್ರೀ-ಇಎಂಐ" ಅಂತ ಒಂದಿದೆ. ಅದು ಬರೀ ಬಡ್ಡಿ. ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಬಿಲ್ಡರ್ ಎರಡು ವರ್ಷ ತಡ ಮಾಡಿದರೆ ಅತ್ತ ಬಾಡಿಗೆ, ಇತ್ತ ಬಡ್ಡಿ. ಹಾಗಾಗಿ ಮಹಾರೇರಾ ಜಾಲತಾಣದಲ್ಲಿ ಯೋಜನೆಯ ನೋಂದಣಿ, ಮುಗಿಸುವ ದಿನಾಂಕ, ಕಾರ್ಪೆಟ್ ಏರಿಯಾ ನೋಡಿಕೊಳ್ಳಿ. ನೋಂದಾಯಿತ ಕರಾರು ಆಗುವ ಮುಂಚೆ ಬೆಲೆಯ 10%ಗಿಂತ ಹೆಚ್ಚು ಮುಂಗಡ ಕೇಳುವಂತಿಲ್ಲ ಎಂದು 2016ರ ರೇರಾ ಕಾಯ್ದೆ ಹೇಳುತ್ತದೆ.

"ಇನ್‌ಕಮ್ ಟ್ಯಾಕ್ಸ್ ಉಳಿಯುತ್ತದಲ್ಲ?" ಅಂತ ಕೇಳ್ತಾರೆ. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ರಿಯಾಯಿತಿ ಹಳೆಯ ಪದ್ಧತಿಯಲ್ಲಿ ಮಾತ್ರ. ಹೊಸ ಪದ್ಧತಿಯಲ್ಲಿ ಅದಿಲ್ಲ. 2025-26ರಿಂದ ಅಲ್ಲಿ 12 ಲಕ್ಷದವರೆಗಿನ ಸಂಬಳದ ಆದಾಯಕ್ಕೆ ತೆರಿಗೆಯೇ ಬರುವುದಿಲ್ಲ. ಕಟ್ಟದ ತೆರಿಗೆಯನ್ನು ಉಳಿಸುವುದು ಹೇಗೆ?

ಊರಿಗೆ ಮರಳುವವರ ಲೆಕ್ಕ

ನಮ್ಮವರಿಗೆ ಇದು ಮುಖ್ಯ. ಚಾಕಣದಲ್ಲಿ ಎಷ್ಟು ವರ್ಷ ಇರ್ತೀವಿ ಅನ್ನುವುದು ಕಂಪನಿಯ ಕೈಯಲ್ಲಿದೆ. ಐದು ವರ್ಷಕ್ಕೆ ಊರಿಗೆ ಹೋಗಬೇಕಾಗಿ ಬಂದು ಮನೆಯನ್ನು 36 ಲಕ್ಷಕ್ಕೆ ಮಾರಿದಿರಿ ಅನ್ನಿ. "ನಾಲ್ಕು ಲಕ್ಷ ಲಾಭ" ಅಂತ ಜನ ಹೇಳ್ತಾರೆ. ಲೆಕ್ಕ ನೋಡಿ: 22 ಲಕ್ಷ 3 ಸಾವಿರ ಬ್ಯಾಂಕಿಗೆ ಹೋಯಿತು, ಕೈಗೆ ಬಂದದ್ದು 13 ಲಕ್ಷ 97 ಸಾವಿರ. ನೀವು ಹಾಕಿದ್ದು ಮುಂಗಡ, ಕಂತು, ಸ್ಟ್ಯಾಂಪು ಎಲ್ಲ ಸೇರಿ 22 ಲಕ್ಷ 56 ಸಾವಿರ. 8 ಲಕ್ಷ 59 ಸಾವಿರ ಹೋಯಿತು; ತಿಂಗಳಿಗೆ 14,300 ಬಾಡಿಗೆ ಕೊಟ್ಟ ಹಾಗೆ. ಅಂಥದೇ ಮನೆ ಅದಕ್ಕಿಂತ ಕಡಿಮೆ ಬಾಡಿಗೆಗೆ ಸಿಗುತ್ತಿದ್ದರೆ ಬಾಡಿಗೆಯೇ ಲಾಭ. 15–20 ವರ್ಷ ಅಲ್ಲೇ ಇರುವವರಿಗೆ ಉತ್ತರ ಬೇರೆ ಆಗಬಹುದು.

ಇನ್ನೊಂದು ಮಾತು. ಕಂತನ್ನು ಓವರ್‌ಟೈಮ್ ಸೇರಿಸಿದ ಸಂಬಳದ ಮೇಲೆ ನಿರ್ಧರಿಸಬೇಡಿ. ಮಂದಿ ಬಂದರೆ ಮೊದಲು ನಿಲ್ಲುವುದು ಓವರ್‌ಟೈಮ್. 90 ದಿನಕ್ಕಿಂತ ಹೆಚ್ಚು ಕಂತು ಬಾಕಿ ಉಳಿದರೆ ಸಾಲ ಎನ್‌ಪಿಎ ಆಗುತ್ತದೆ. ಆಮೇಲೆ 2002ರ ಸರ್ಫೇಸಿ ಕಾಯ್ದೆಯಡಿ 60 ದಿನಗಳ ನೋಟಿಸು, ನಂತರ ಮನೆಯ ಜಪ್ತಿಗೆ ದಾರಿ. ಆರು ತಿಂಗಳ ಕಂತಿನಷ್ಟು ಹಣ ಪಕ್ಕಕ್ಕಿಟ್ಟು ಸಾಲಕ್ಕೆ ಇಳಿಯಿರಿ.

ಭಾರ ಇಳಿಸುವ ದಾರಿಗಳು

ಒಂದು, ಮುಂಚಿತ ಪಾವತಿ. ಬದಲಾಗುವ ದರದ ಗೃಹಸಾಲವನ್ನು ಮೊದಲೇ ತೀರಿಸಿದರೆ ವ್ಯಕ್ತಿಗಳಿಂದ ಬ್ಯಾಂಕುಗಳು ದಂಡ ತೆಗೆದುಕೊಳ್ಳುವಂತಿಲ್ಲ ಎಂದು 2012ರಲ್ಲೇ ರಿಸರ್ವ್ ಬ್ಯಾಂಕ್ ಹೇಳಿದೆ. ನಮ್ಮ ಉದಾಹರಣೆಯಲ್ಲಿ ಮೊದಲ ವರ್ಷದ ಕೊನೆಗೆ 1 ಲಕ್ಷ ಹೆಚ್ಚಾಗಿ ಕಟ್ಟಿದರೆ ಮುಂದೆ ಉಳಿಯುವ ಬಡ್ಡಿ ಸುಮಾರು 3 ಲಕ್ಷ 64 ಸಾವಿರ. ಅದೇ 1 ಲಕ್ಷವನ್ನು 15ನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 50 ಸಾವಿರ. ವರ್ಷಕ್ಕೊಂದು ಕಂತು ಹೆಚ್ಚು ಕಟ್ಟುತ್ತ ಹೋದರೆ ಸಾಲ ಮೂರು ವರ್ಷಕ್ಕೂ ಮುಂಚೆ ತೀರುತ್ತದೆ, ಸುಮಾರು 5 ಲಕ್ಷ ಬಡ್ಡಿ ಉಳಿಯುತ್ತದೆ. ಬೋನಸ್ ಬಂದಾಗ ಇದು ನೆನಪಿರಲಿ. ಆದರೆ "ಅವಧಿ ಕಡಿಮೆ ಮಾಡಿ, ಕಂತು ಅಲ್ಲ" ಅಂತ ಬರೆದುಕೊಡಿ.

ಎರಡು, ಕಾಗದ ಓದುವುದು. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ "ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್" ಎಂಬ ಪತ್ರ ಕೊಡುವುದು ಕಡ್ಡಾಯ, ಅದೂ ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ. ಅದರಲ್ಲಿ ಎಪಿಆರ್ ಅಂತ ಒಂದು ಅಂಕಿ ಇರುತ್ತದೆ: ಬಡ್ಡಿ, ಫೀ, ವಿಮೆ ಎಲ್ಲ ಸೇರಿದ ವಾರ್ಷಿಕ ವೆಚ್ಚ. ಎರಡು ಕಡೆ ಹೋಲಿಸುವಾಗ ಈ ಅಂಕಿಯನ್ನೇ ಹೋಲಿಸಿ. ಸಾಲದ ಜೊತೆ ಒಮ್ಮೆಗೇ ಪ್ರೀಮಿಯಂ ಕಟ್ಟುವ ವಿಮೆಯನ್ನು ಸೇರಿಸಿದರೆ ಅದಕ್ಕೂ 20 ವರ್ಷ ಬಡ್ಡಿ ಬೀಳುತ್ತದೆ; ಬೇರೆ ಟರ್ಮ್ ವಿಮೆಯ ಬೆಲೆ ಕೇಳಿ ನೋಡಿ.

ಮೂರು, ಪಿಎಂ ಆವಾಸ್ ಯೋಜನೆ ನಗರ 2.0. ಕುಟುಂಬದ ಆದಾಯ ವರ್ಷಕ್ಕೆ 9 ಲಕ್ಷದೊಳಗೆ, ಮನೆಯ ಬೆಲೆ 35 ಲಕ್ಷ, ಸಾಲ 25 ಲಕ್ಷ ಮೀರದಿದ್ದರೆ, ಮೊದಲ 8 ಲಕ್ಷಕ್ಕೆ 4% ಬಡ್ಡಿ ಸಹಾಯ ಇದೆ; ಗರಿಷ್ಠ 1 ಲಕ್ಷ 80 ಸಾವಿರ. ದೇಶದಲ್ಲಿ ಎಲ್ಲೂ ಪಕ್ಕಾ ಮನೆ ಇರಬಾರದು ಎಂಬ ಷರತ್ತಿದೆ.

ನಾಲ್ಕು, ಸಾಲ ತೀರಿದ ಮೇಲೆ 30 ದಿನದೊಳಗೆ ಮನೆಯ ಮೂಲ ದಾಖಲೆ ವಾಪಸ್ ಪಡೆಯಿರಿ. ಅವರ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕೆಂಬ ನಿಯಮ 2023ರ ಡಿಸೆಂಬರ್ 1ರಿಂದ ಇದೆ.

ಸೂದ್‌ನ ಪ್ರಶ್ನೆ

ನಮ್ಮ ಓದುಗರಲ್ಲಿ ಹಲವರಿಗೆ ಮೊದಲ ಪ್ರಶ್ನೆಯೇ ಇದು: ಬಡ್ಡಿ ಸಾಲ ತಗೊಳ್ಳಬಹುದಾ? ಅದನ್ನು ಆಲಿಮರ ಹತ್ತಿರ ಕೇಳಬೇಕು, ಗಣಿತದ ಮೇಷ್ಟ್ರ ಹತ್ತಿರ ಅಲ್ಲ. ನಾನು ಹೇಳಬಹುದಾದದ್ದು ಇಷ್ಟು. ಮುರಾಬಹಾ ಪದ್ಧತಿಯಲ್ಲಿ ಬ್ಯಾಂಕು ತಾನೇ ಮನೆ ಕೊಂಡು, ಲಾಭ ಸೇರಿಸಿ, ಗೊತ್ತಾದ ಬೆಲೆಗೆ ಕಂತಿನಲ್ಲಿ ಮಾರುತ್ತದೆ. ನಮ್ಮ ದೇಶದಲ್ಲಿ ಇಸ್ಲಾಮಿಕ್ ಬ್ಯಾಂಕಿಂಗ್ ಪ್ರಸ್ತಾಪವನ್ನು ಮುಂದುವರಿಸುವುದಿಲ್ಲ ಎಂದು ರಿಸರ್ವ್ ಬ್ಯಾಂಕ್ 2017ರಲ್ಲಿ ತಿಳಿಸಿತು. ಈ ಖಾಲಿ ಜಾಗದಲ್ಲಿ "ಹಲಾಲ್" ಎಂಬ ಬೋರ್ಡು ಹಾಕಿಕೊಂಡು ಬರುವವರು ಇದ್ದಾರೆ. ಬೆಂಗಳೂರಿನ ಐ ಮಾನಿಟರಿ ಅಡ್ವೈಸರಿ, ಜನರ ಬಾಯಲ್ಲಿ ಐಎಂಎ, 2019ರ ಜೂನ್‌ನಲ್ಲಿ ಮುಳುಗಿದಾಗ ಸಾವಿರಾರು ಕುಟುಂಬಗಳ ಉಳಿತಾಯ ಅದರ ಜೊತೆ ಹೋಯಿತು. ಮನೆಗೆಂದು, ಮಗಳ ಮದುವೆಗೆಂದು ಕೂಡಿಟ್ಟ ದುಡ್ಡು ಅದು. ಹೆಸರು ಯಾವುದೇ ಇರಲಿ, ಪರವಾನಗಿ ಯಾರು ಕೊಟ್ಟಿದ್ದಾರೆ, ಲೆಕ್ಕ ಯಾರು ತಪಾಸಣೆ ಮಾಡ್ತಾರೆ ಅಂತ ಕೇಳದೆ ಹಣ ಕೊಡಬೇಡಿ.

ಕುರ್‌ಆನಿನ ಅತಿ ಉದ್ದದ ಆಯತ್, ಅಲ್-ಬಖರಾದ 282ನೆಯದು, ಸಾಲದ ವ್ಯವಹಾರವನ್ನು ಸಾಕ್ಷಿಗಳ ಮುಂದೆ ಬರೆದಿಡುವ ವಿಷಯವನ್ನೇ ಹೇಳುತ್ತದೆ. ಬರೆದದ್ದನ್ನು ಓದದೆ ಸಹಿ ಹಾಕಿದರೆ ಬರೆದಿಟ್ಟು ಏನು ಪ್ರಯೋಜನ? ಸಹಿಗೆ ಹೋಗುವ ಹಿಂದಿನ ರಾತ್ರಿ ಗಂಡ-ಹೆಂಡತಿ ಇಬ್ಬರೂ ಕೂತು ಐದು ಅಂಕಿ ಬರೆದುಕೊಳ್ಳಿ: ಎಪಿಆರ್ ಎಷ್ಟು, ಒಟ್ಟು ಕೊಡುವುದು ಎಷ್ಟು, ಐದು ವರ್ಷಕ್ಕೆ ಬಾಕಿ ಎಷ್ಟು, ದರ 2% ಏರಿದರೆ ಕಂತು ಎಷ್ಟು, ಓವರ್‌ಟೈಮ್ ಇಲ್ಲದ ಸಂಬಳ ಎಷ್ಟು. ಐದಕ್ಕೂ ಉತ್ತರ ಸಿಕ್ಕಿದ ಮೇಲೂ ಧೈರ್ಯ ಉಳಿದಿದ್ದರೆ ಮನೆ ತಗೊಳ್ಳಿ. ಒಂದಕ್ಕೆ ಉತ್ತರ ಸಿಗದಿದ್ದರೂ ಇನ್ನೊಂದು ವರ್ಷ ಬಾಡಿಗೆ ಮನೆಯಲ್ಲಿ ಇರುವುದರಲ್ಲಿ ಅವಮಾನ ಏನೂ ಇಲ್ಲ.