ಲವ್‌ಡೇಲ್‌ನ ಚಳಿಗೆ ಮನಿ ಪ್ಲಾಂಟ್

ಪ್ರಶ್ನೆ: ಮೈಸೂರಿನಲ್ಲಿ ಸೊಂಪಾಗಿದ್ದ ಮನಿ ಪ್ಲಾಂಟ್ ಲವ್‌ಡೇಲ್‌ಗೆ ತಂದ ಮೇಲೆ ಹಳದಿಯಾಗಿ ಎಲೆ ಉದುರಿಸುತ್ತಿದೆ. ಏಕೆ?

ಉತ್ತರ: ಈ ಬಳ್ಳಿಯ ತವರು ಪೆಸಿಫಿಕ್ ಸಾಗರದ ಮೊರೆಯಾ ದ್ವೀಪ. ಅಲ್ಲಿ ಚಳಿಗಾಲವೆಂಬುದೇ ಇಲ್ಲ. ಲವ್‌ಡೇಲ್ ಇರುವುದೋ 2,000 ಮೀಟರಿಗೂ ಎತ್ತರದಲ್ಲಿ. ಡಿಸೆಂಬರ್, ಜನವರಿಯಲ್ಲಿ ಮಂಜು ಹೆಪ್ಪುಗಟ್ಟುವ ಸೀಮೆ. ಉಷ್ಣತೆ 10 ಡಿಗ್ರಿಗಿಂತ ಇಳಿದರೆ ಬಳ್ಳಿ ನಲುಗುತ್ತದೆ.

ಆದರೆ ಚಳಿಗಿಂತ ಹೆಚ್ಚು ಕೆಡುಕು ಮಾಡುವುದು ಚಳಿಯಲ್ಲಿ ಹಾಕುವ ನೀರು. ತಂಪಿನಲ್ಲಿ ಬೇರು ನೀರು ಹೀರುವುದು ನಿಧಾನ, ಮಣ್ಣು ಆರುವುದೂ ನಿಧಾನ. ನಿಂತ ನೀರಿನಲ್ಲಿ ಬೇರು ಉಸಿರುಕಟ್ಟಿ ಕೊಳೆಯುತ್ತದೆ. ಕುಂಡದಿಂದ ಬಿಡಿಸಿ ನೋಡಿ: ಆರೋಗ್ಯದ ಬೇರು ಬೆಳ್ಳಗೆ ಗಟ್ಟಿಯಾಗಿರುತ್ತದೆ, ಕೊಳೆತದ್ದು ಕಪ್ಪಾಗಿ, ಹಿಸುಕಿದರೆ ಸಿಪ್ಪೆ ಕಳಚಿ ಬರುತ್ತದೆ. ಅದನ್ನು ಕತ್ತರಿಸಿ, ಮರಳು ಬೆರೆಸಿದ ಹೊಸ ಮಣ್ಣಿಗೆ ನೆಡಿ. ಬೆರಳಿನ ಎರಡು ಗೆಣ್ಣು ಆಳ ಮಣ್ಣು ಒಣಗಿದ ಮೇಲಷ್ಟೇ ಉಗುರುಬೆಚ್ಚಗಿನ ನೀರು ಹಾಕಿ.

ಹಗಲು ಬೆಳಕಿರುವ ಕಿಟಕಿಯ ಬಳಿ ಇಡಿ. ರಾತ್ರಿ ಗಾಜಿನಿಂದ ದೂರ ಸರಿಸಿ. ಗೊಬ್ಬರ ಮಾರ್ಚ್‌ವರೆಗೆ ಬೇಡ. ಮುಂಜಾಗ್ರತೆಗೆ, ಬಳ್ಳಿಯ ಗೆಣ್ಣಿನ ಕೆಳಗೆ ಕತ್ತರಿಸಿದ ತುಂಡೊಂದನ್ನು ಬೆಚ್ಚಗಿನ ಅಡುಗೆಮನೆಯಲ್ಲಿ ನೀರಿನ ಬಾಟಲಿಗೆ ಹಾಕಿಡಿ. ಎಲೆ ಅಗಿದರೆ ಬಾಯಿ ಉರಿಯುತ್ತದೆ. ಮಕ್ಕಳು, ಬೆಕ್ಕು, ನಾಯಿಗಳಿಗೆ ಎಟುಕದಂತಿರಲಿ.